ಶರಾವತಿ ಮುಳುಗಡೆ ಕುಟುಂಬಗಳ ಬಗ್ಗೆ ಸಾಕ್ಷ್ಯಚಿತ್ರ: ಸಂದರ್ಶನ, ದಾಖಲೆ, ಅನುಮತಿ ಬಗ್ಗೆ ತಿಳಿದವರು ಹೇಳಿ

ಕರೂರು_ಸೀಮೆ (ಪ್ರಶ್ನೆ)

ಲಿಂಗನಮಕ್ಕಿ ಅಣೆಕಟ್ಟಿನಿಂದ ಊರು ಬಿಟ್ಟು ಎದ್ದುಬಂದ ಕುಟುಂಬಗಳ ಬಗ್ಗೆ ಸುಮಾರು 50 ನಿಮಿಷದ ಸಾಕ್ಷ್ಯಚಿತ್ರ ಮಾಡಲು ಹೊರಟಿದ್ದೇನೆ. ಅಣೆಕಟ್ಟು ಮುಗಿದದ್ದು 1964ರಲ್ಲಿ. ಆಗ ಹತ್ತು ವರ್ಷದವರಾಗಿದ್ದವರಿಗೆ ಈಗ ಎಪ್ಪತ್ತು ದಾಟಿದೆ. ಮನೆಯ ಯಜಮಾನಿಕೆ ಹೊತ್ತು ಸಾಮಾನು ಸಾಗಿಸಿದವರಲ್ಲಿ ಉಳಿದವರು ಬೆರಳೆಣಿಕೆಯಷ್ಟು. ತಡ ಮಾಡುವಂತಿಲ್ಲ.

ಎಷ್ಟು ಎಕರೆ ಮುಳುಗಿತು, ಪರಿಹಾರ ಎಷ್ಟು ಬಂತು ಅನ್ನುವುದು ಪತ್ರಿಕೆಗಳಲ್ಲಿ ಬೇಕಾದಷ್ಟು ಬಂದಿದೆ. ಊರೇ ನೀರಿನಡಿ ಹೋದ ಮೇಲೂ ‘ನಾವು ಇಂಥ ಊರಿನವರು’ ಅನ್ನುವ ಮಾತು ಮೊಮ್ಮಕ್ಕಳ ತನಕ ಹೇಗೆ ಬಂತು, ದೇವರನ್ನು ಎಲ್ಲಿಗೆ ತಂದರು, ಹಸೆಗೋಡೆ ಚಿತ್ತಾರವನ್ನು (ಮಣ್ಣಿನ ಗೋಡೆಗೆ ಹೆಂಗಸರು ಬರೆಯುವ ಚಿತ್ರ) ಹೊಸ ಮನೆಯಲ್ಲಿ ಯಾರು ಬರೆದರು, ಇದು ನನ್ನ ವಿಷಯ. ಸಾಗರ ಮತ್ತು ಹೊಸನಗರ ತಾಲ್ಲೂಕುಗಳಲ್ಲಿ, ತುಮರಿ–ಬ್ಯಾಕೋಡು ಕಡೆಯೂ ಸೇರಿ, ಚಿತ್ರೀಕರಣ. ಜನ ಇಬ್ಬರೇ. ಒಂದು ಮಿರರ್‌ಲೆಸ್ ಕ್ಯಾಮೆರಾ, ಒಂದು ರೆಕಾರ್ಡರ್, ಎರಡು ಕಾಲರ್ ಮೈಕ್ ಇವೆ.

ಹಿರಿಯರ ಮಾತನ್ನು ಹೇಗೆ ತೆಗೆಯಬೇಕು? ಲಿಂಗನಮಕ್ಕಿ ಹಿನ್ನೀರಿನಲ್ಲಿ ಮುಳುಗಿದ ಹಳೇ ಮಡೆನೂರು ಅಣೆಕಟ್ಟು ನೀರಿಳಿದು ಮೇಲೆ ಕಾಣಿಸುವ ಹೊತ್ತಿನಲ್ಲಿ ಚಿತ್ರೀಕರಣಕ್ಕೆ ಏನೇನು ತಯಾರಿ ಬೇಕು? ಹಳೆಯ ನಕ್ಷೆ, ಕಾಗದಪತ್ರ ಎಲ್ಲಿ ಸಿಗುತ್ತವೆ? ಡ್ರೋನ್‌ಗೆ ಯಾರ ಅನುಮತಿ? ಒಪ್ಪಿಗೆ ಪತ್ರ ಹೇಗಿರಬೇಕು?

ಬಾಯ್ಮಾತಿನ_ದಾಖಲೆ

ಮೊದಲನೆಯದಕ್ಕೆ ನಾನು ಹೇಳುತ್ತೇನೆ.

‘ಊರು ಮುಳುಗಿದಾಗ ನಿಮಗೆ ಹೇಗನ್ನಿಸಿತು’ ಅಂತ ಶುರು ಮಾಡಬೇಡಿ. ಆ ಪ್ರಶ್ನೆಗೆ ಎಲ್ಲರ ಬಳಿಯೂ ಈಗಾಗಲೇ ಒಂದು ಉತ್ತರ ತಯಾರಿದೆ. ಪತ್ರಕರ್ತರಿಗೆ, ಪಾದಯಾತ್ರೆಗೆ ಬಂದವರಿಗೆ, ಚುನಾವಣೆಗೆ ಬಂದವರಿಗೆ ಹೇಳಿ ಹೇಳಿ ಅದು ಸವೆದಿದೆ. ನಾಡಿಗೆ ಬೆಳಕು ಕೊಟ್ಟೆವು, ನಮ್ಮ ಮನೆ ಕತ್ತಲಾಯಿತು ಅನ್ನುವ ಮಾತು ನಿಜ. ಆದರೆ ಹತ್ತು ಜನರ ಬಾಯಲ್ಲಿ ಅದೇ ಮಾತು ಬಂದರೆ ಚಿತ್ರ ಅಲ್ಲೇ ನಿಂತುಬಿಡುತ್ತದೆ.

ಮನೆಯಿಂದ ಶುರು ಮಾಡಿ. ಬಾಗಿಲು ಯಾವ ದಿಕ್ಕಿಗಿತ್ತು? ಜಗಲಿಯಲ್ಲಿ ನಿಂತರೆ ಏನು ಕಾಣುತ್ತಿತ್ತು? ಕೊಟ್ಟಿಗೆ ಬಲಕ್ಕೋ ಎಡಕ್ಕೋ? ಕುಡಿಯುವ ನೀರು ಎಲ್ಲಿಂದ? ಹೊಳೆ ದಾಟಲು ಎಲ್ಲಿಗೆ ಹೋಗಬೇಕಿತ್ತು? ಸಂತೆ ಯಾವ ಊರಿಗೆ, ಯಾವ ವಾರ? ಇದಕ್ಕೆಲ್ಲ ತಯಾರಾದ ಉತ್ತರ ಇರುವುದಿಲ್ಲ, ನೆನಪು ಮಾಡಿಕೊಳ್ಳಲೇಬೇಕು. ಕಣ್ಣು ಎತ್ತ ಹೋಗುತ್ತದೆ, ಕೈ ಯಾವ ದಿಕ್ಕು ತೋರಿಸುತ್ತದೆ ಅನ್ನುವುದನ್ನು ಕ್ಯಾಮೆರಾ ಹಿಡಿಯಬೇಕು. ಹಾಗಾಗಿ ಮುಖಕ್ಕೇ ಬಿಗಿಯಾಗಿ ಫ್ರೇಮ್ ಕಟ್ಟಬೇಡಿ. ಸೊಂಟದಿಂದ ಮೇಲೆ, ಎರಡೂ ಕೈ ಒಳಗಿರುವ ಹಾಗೆ ಇಡಿ.

ನೆಲದ ಮೇಲೆ ನಕ್ಷೆ ಹಾಕಿಸುವುದು ಬಹಳ ಫಲ ಕೊಡುವ ಕೆಲಸ. ದೊಡ್ಡ ಬಿಳಿ ಹಾಳೆ ಕೊಟ್ಟರೆ ಅಕ್ಷರ ಬಾರದವರು ಹಿಂಜರಿಯುತ್ತಾರೆ. ಅಂಗಳದಲ್ಲೇ ಒಂದು ಗೆರೆ ಎಳೆದು ‘ಇದು ಹೊಳೆ ಅಂತಿಟ್ಟುಕೊಳ್ಳಿ’ ಅಂದು, ಪಕ್ಕದಲ್ಲಿ ಅಡಿಕೆ, ಕಲ್ಲು, ಕಡ್ಡಿ ಇಡಿ. ಒಂದೇ ಊರಿನ ಇಬ್ಬರು ಮೂವರನ್ನು ಒಟ್ಟಿಗೆ ಕೂರಿಸಿ. ದೇವರ ಬನ ಇನ್ನೂ ಆಚೆಗಿತ್ತು, ಅಲ್ಲ ಈಚೆಗೆ ಅಂತ ಅವರೊಳಗೇ ಜಗಳ ಹತ್ತುತ್ತದೆ. ನೀವು ಬಾಯಿ ಬಿಡಬೇಡಿ. ಆ ಜಗಳದಲ್ಲಿ ಬರುವಷ್ಟು ವಿವರ ಒಂಟಿ ಸಂದರ್ಶನದಲ್ಲಿ ಬರುವುದಿಲ್ಲ. ಕ್ಯಾಮೆರಾ ಎತ್ತರದಿಂದ ನೆಲ ಕಾಣುವಂತಿರಲಿ. ಮುಗಿದ ಮೇಲೆ ನಕ್ಷೆಯ ನೇರ ಮೇಲಿನಿಂದ ಒಂದು ಸ್ಥಿರಚಿತ್ರ ತೆಗೆದು, ಯಾವ ಕಲ್ಲು ಏನು ಅಂತ ಅವರಿಂದಲೇ ಹೇಳಿಸಿ ದನಿ ಮುದ್ರಿಸಿ. ಇಲ್ಲದಿದ್ದರೆ ಆರು ತಿಂಗಳ ನಂತರ ಎಡಿಟಿಂಗ್ ಟೇಬಲ್ಲಿನಲ್ಲಿ ಅದು ಬರೀ ಕಲ್ಲು.

ಇಸವಿ ಕೇಳಬೇಡಿ. ಮೊದಲ ಮಗು ಹುಟ್ಟುವ ಮುಂಚೆಯೋ ಆಮೇಲೋ, ಮದುವೆ ಹಳೇ ಊರಲ್ಲೋ ಹೊಸ ಊರಲ್ಲೋ ಅಂತ ಕೇಳಿ. ಹಿರೇಭಾಸ್ಕರ, ಅಂದರೆ ನೀವು ಹೇಳಿದ ಮಡೆನೂರು ಅಣೆಕಟ್ಟು, 1940ರ ದಶಕದ್ದು. ಲಿಂಗನಮಕ್ಕಿ ಬಂದ ಮೇಲೆ ಅದೂ ಮುಳುಗಿತು. ಯಾರಾದರೂ ಎರಡು ಮುಳುಗಡೆಯ ಮಾತು ಎತ್ತಿದರೆ ಗೊಂದಲ ಅಂತ ತಳ್ಳಿಹಾಕಬೇಡಿ, ಯಾವ ಅಣೆಕಟ್ಟಿನ ನೀರು ಅಂತ ಬಿಡಿಸಿ ಕೇಳಿ.

ಹೊತ್ತು: ಬೆಳಗಿನ ತಿಂಡಿ ಆದ ಮೇಲೆ, ಒಂದೂವರೆ ಗಂಟೆಗಿಂತ ಹೆಚ್ಚು ಬೇಡ. ಕಿವಿ ಮಂದವಾಗಿದ್ದರೆ ಮಗನೋ ಸೊಸೆಯೋ ಅವರ ಪರವಾಗಿ ಉತ್ತರಿಸಲು ಶುರು ಮಾಡುತ್ತಾರೆ. ಅವರನ್ನು ಕ್ಯಾಮೆರಾ ಹಿಂದೆ ಕೂರಿಸಿ, ಪ್ರಶ್ನೆಯನ್ನು ಜೋರಾಗಿ ದಾಟಿಸುವ ಕೆಲಸ ಕೊಡಿ. ಹೆಂಗಸರ ಜೊತೆ ಮಾತಿಗೆ ಸಾಧ್ಯವಾದಷ್ಟು ಹೆಣ್ಣುಮಗಳೇ ಕೂರಲಿ, ಜಾಗ ಅಡುಗೆಮನೆ ಅಥವಾ ಹಿತ್ತಿಲು. ಜಗಲಿಯಲ್ಲಿ ಗಂಡಸರ ಎದುರು ಬಾರದ ಮಾತು ಅಲ್ಲಿ ಬರುತ್ತದೆ. ಅಳು ಬಂದರೆ ಜೂಮ್ ಹಾಕಬೇಡಿ. ಕ್ಯಾಮೆರಾ ಹೇಗಿದೆಯೋ ಹಾಗೇ ಇರಲಿ, ನಿಲ್ಲಿಸಬೇಕಾ ಅಂತ ಕೇಳಿ.

ಹಳೇ_ಪಹಣಿ

ದಾಖಲೆ ಮತ್ತು ಒಪ್ಪಿಗೆ ಎರಡನ್ನೂ ಒಟ್ಟಿಗೆ ಹೇಳಬೇಕಾಗಿದೆ. ಈ ವಿಷಯದಲ್ಲಿ ಅವು ಬೇರೆ ಬೇರೆ ಅಲ್ಲ.

ಮುಳುಗಿದ ಊರಿನ ಬಗ್ಗೆ ಅತಿ ನಿಖರವಾದ ಬರಹ ಇರುವುದು ಭೂಸ್ವಾಧೀನದ ಐತೀರ್ಪಿನಲ್ಲಿ, ಅಂದರೆ ಪರಿಹಾರ ನಿಗದಿ ಮಾಡಿದ ಆದೇಶದಲ್ಲಿ. ಪರಿಹಾರ ಲೆಕ್ಕ ಹಾಕಲು ಜಮೀನು, ಮನೆ, ಬಾವಿ, ಫಲದ ಮರ ಎಲ್ಲವನ್ನೂ ಪಟ್ಟಿ ಮಾಡಬೇಕಿತ್ತು. ಒಂದು ಮನೆಯ ಹಿತ್ತಿಲಲ್ಲಿ ಎಷ್ಟು ಹಲಸು, ಎಷ್ಟು ಮಾವು ಇದ್ದವು ಅನ್ನುವುದು ಮನೆಯವರಿಗೆ ಮರೆತಿರಬಹುದು, ಆ ಕಾಗದದಲ್ಲಿ ಇರುತ್ತದೆ. ಹಲವು ಮನೆಗಳಲ್ಲಿ ಟ್ರಂಕಿನ ತಳದಲ್ಲಿ ಪ್ರತಿ ಸಿಗುತ್ತದೆ. ಇಲ್ಲವಾದರೆ ಕಂದಾಯ ಇಲಾಖೆಯ ಅಭಿಲೇಖಾಲಯದಲ್ಲಿ ದೃಢೀಕೃತ ನಕಲಿಗೆ ಅರ್ಜಿ ಕೊಡಿ. ಸಿಗದಿದ್ದರೆ ಮಾಹಿತಿ ಹಕ್ಕು: 10 ರೂಪಾಯಿ ಶುಲ್ಕ, ಪುಟಕ್ಕೆ 2 ರೂಪಾಯಿ, 30 ದಿನದ ಗಡುವು. ಅರ್ಜಿಯಲ್ಲಿ ‘ಮುಳುಗಡೆಯ ಎಲ್ಲ ದಾಖಲೆ’ ಅಂತ ಬರೆದರೆ ತಿರಸ್ಕಾರವಾಗುತ್ತದೆ. ಹಳೆಯ ಗ್ರಾಮದ ಹೆಸರು, ಹೋಬಳಿ, ಗೊತ್ತಿದ್ದರೆ ಸರ್ವೆ ನಂಬರ್ ಬರೆದು, ‘ಗ್ರಾಮ ನಕ್ಷೆ, ಆಕಾರಬಂದ್, ಐತೀರ್ಪಿನ ಪ್ರತಿ’ ಅಂತ ಬಿಡಿಬಿಡಿಯಾಗಿ ಕೇಳಿ (ಆಕಾರಬಂದ್ ಅಂದರೆ ಸರ್ವೆ ನಂಬರುವಾರು ವಿಸ್ತೀರ್ಣ, ಕಂದಾಯದ ಪಟ್ಟಿ). ಅಣೆಕಟ್ಟಿಗೆ ಮುಂಚಿನ ಒಂದು ಇಂಚಿಗೆ ಒಂದು ಮೈಲಿಯ ಸರ್ವೆ ಆಫ್ ಇಂಡಿಯಾ ಹಾಳೆಗಳಲ್ಲಿ ಊರು, ಕಾಲುದಾರಿ, ಕಡವು ಎಲ್ಲ ಗುರುತಾಗಿರುತ್ತವೆ. ಆ ಹಾಳೆಯನ್ನು ಇಂದಿನ ಉಪಗ್ರಹ ಚಿತ್ರದ ಮೇಲೆ ಹೊಂದಿಸಲು ಕ್ಯುಜಿಐಎಸ್ ಎಂಬ ಉಚಿತ ತಂತ್ರಾಂಶ ಸಾಕು. ಹೊಂದಿಸುವಾಗ ಮುಳುಗದ ಗುಡ್ಡದ ತುದಿ, ಹಳೇ ದೇವಸ್ಥಾನದಂಥ ಕನಿಷ್ಠ ಆರು ಬಿಂದು ಆರಿಸಿಕೊಳ್ಳಿ. ದಂಡೆಯ ಗೆರೆಯನ್ನು ನಂಬಿ ಹೊಂದಿಸಿದರೆ ತಪ್ಪುತ್ತದೆ, ದಂಡೆ ತಿಂಗಳಿಗೊಂದು ಕಡೆ ಇರುತ್ತದೆ.

ಇನ್ನು ಒಪ್ಪಿಗೆ. ಎದ್ದುಬಂದ ಕುಟುಂಬಗಳಲ್ಲಿ ಬಹಳಷ್ಟಕ್ಕೆ ಇವತ್ತಿಗೂ ಹಕ್ಕುಪತ್ರ ಇಲ್ಲ. ಸರ್ಕಾರವೇ ತೋರಿಸಿದ ಜಾಗ ದಾಖಲೆಯಲ್ಲಿ ಅರಣ್ಯ ಅಂತಲೇ ಉಳಿಯಿತು. ಆ ಜಾಗವನ್ನು ಅರಣ್ಯದಿಂದ ಕೈಬಿಡಲು ಆಮೇಲೆ ಹೊರಡಿಸಿದ ಡಿನೋಟಿಫಿಕೇಷನ್ ಆದೇಶಗಳನ್ನು 2021ರಲ್ಲಿ ಹೈಕೋರ್ಟ್ ರದ್ದು ಮಾಡಿತು. ಅರಣ್ಯ ಹಕ್ಕು ಕಾಯ್ದೆಯಡಿ ಪರಿಶಿಷ್ಟ ಪಂಗಡಕ್ಕೆ ಸೇರದವರು 13-12-2005ಕ್ಕೆ ಮುಂಚಿನ 75 ವರ್ಷದ ವಾಸ ತೋರಿಸಬೇಕು. 1960ರ ಆಸುಪಾಸಿನಲ್ಲಿ ಬಂದವರು ಅದನ್ನು ಎಲ್ಲಿಂದ ತೋರಿಸಿಯಾರು? ಇದಲ್ಲದೆ ಅರಣ್ಯ ಒತ್ತುವರಿ ಸಕ್ರಮವಾಗಲು ಅದು 27-4-1978ಕ್ಕೆ ಮುಂಚಿನದಾಗಿರಬೇಕು ಅನ್ನುವ ಗಡುವು ಮಲೆನಾಡಿನ ಪ್ರತಿ ಮನೆಗೂ ಗೊತ್ತು.

ಈಗ ಯೋಚಿಸಿ. ಅಜ್ಜ ಹುರುಪಿನಲ್ಲಿ ‘ಇಂಥ ವರ್ಷ ಈ ಗುಡ್ಡ ಕಡಿದು ತೋಟ ಮಾಡಿದೆವು’ ಅನ್ನುತ್ತಾರೆ. ನಿಮಗೆ ಒಳ್ಳೆಯ ದೃಶ್ಯ ಸಿಕ್ಕಿತು. ಅದೇ ತುಣುಕು ನಾಳೆ ಒತ್ತುವರಿ ತೆರವಿನ ಕಡತಕ್ಕೆ ಹೋದರೆ ಅವರ ಬಾಯಿಂದಲೇ ಬಂದ ಸಾಕ್ಷಿ. ಆದ್ದರಿಂದ ಸಾಗುವಳಿ ಶುರುವಾದ ವರ್ಷ, ವಿಸ್ತೀರ್ಣ, ಈಗಿನ ಸರ್ವೆ ನಂಬರ್ ಈ ಮೂರೂ ಒಬ್ಬರ ಮುಖದ ಜೊತೆ ಒಟ್ಟಿಗೆ ಬರಬಾರದು. ಕಾಗದ ಚಿತ್ರೀಕರಿಸುವಾಗ ಹಳೇ ಊರಿನ ಸರ್ವೆ ನಂಬರ್ ತೋರಿಸಿ, ತೊಂದರೆಯಿಲ್ಲ; ಹೊಸ ಜಾಗದ್ದನ್ನು ಮುಚ್ಚಿ. ಫೋನಿನಲ್ಲಿ ತೆಗೆದ ಚಿತ್ರಗಳಲ್ಲಿ ಜಿಪಿಎಸ್ ಸ್ಥಳ ಸೇರಿಕೊಂಡಿರುತ್ತದೆ, ಹಂಚುವ ಮುಂಚೆ ಅಳಿಸಿ.

ಒಪ್ಪಿಗೆ ಪತ್ರ ಕನ್ನಡದಲ್ಲಿ, ಒಂದೇ ಪುಟ. ಮೂರು ಬೇರೆ ಬೇರೆ ಸಾಲಿಗೆ ಬೇರೆ ಬೇರೆ ಸಹಿ: ಚಿತ್ರೀಕರಣಕ್ಕೆ, ಪ್ರದರ್ಶನಕ್ಕೆ, ಇಂಟರ್ನೆಟ್ಟಿಗೆ. ಊರಿನ ಸಭೆಯಲ್ಲಿ ತೋರಿಸಲು ಒಪ್ಪುವವರು ಯೂಟ್ಯೂಬಿಗೆ ಒಪ್ಪದೇ ಇರಬಹುದು. ಹೆಬ್ಬೆಟ್ಟು ಒತ್ತಿಸಿಕೊಂಡು ಸುಮ್ಮನಾಗಬೇಡಿ, ಅದೇ ಮಾತನ್ನು ಓದಿ ಹೇಳಿ ಅವರ ಒಪ್ಪಿಗೆಯನ್ನು ಕ್ಯಾಮೆರಾದಲ್ಲಿ ಮುದ್ರಿಸಿ. ಹಿಂದೆ ತೆಗೆದುಕೊಳ್ಳುವ ಹಕ್ಕು ಎಡಿಟಿಂಗ್ ಅಂತಿಮವಾಗುವ ತನಕ ಅಂತ ದಿನಾಂಕದ ಸಮೇತ ಬರೆಯಿರಿ. ಅಂತಿಮಗೊಳಿಸುವ ಮುಂಚೆ ಕಚ್ಚಾ ಪ್ರತಿಯನ್ನು ಅವರ ಊರಿನಲ್ಲೇ ತೋರಿಸಲೇಬೇಕು. ಇದರಲ್ಲಿ ನನಗೆ ಎರಡನೇ ಮಾತಿಲ್ಲ.

ಜೀರುಂಡೆ_ಸದ್ದು

ಮೇಲಿನ ಇಬ್ಬರೂ ಹೇಳಿದ್ದು ಸರಿ. ನಾನು ಸಲಕರಣೆಗೆ ಸೀಮಿತ.

ಇರುವ ಕ್ಯಾಮೆರಾ ಸಾಕು, ದುಡ್ಡಿದ್ದರೆ ಶಬ್ದಕ್ಕೆ ಹಾಕಿ. ಮಂಕಾದ ಚಿತ್ರವನ್ನು ನೋಡುಗರು ಸಹಿಸುತ್ತಾರೆ, ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ. ಕಾಲರ್ ಮೈಕ್ ಗದ್ದದಿಂದ ಒಂದು ಗೇಣು ಕೆಳಗೆ. ಸೀರೆಯ ಸೆರಗು, ಕರಿಮಣಿ ಸರ ಎರಡೂ ಉಜ್ಜುತ್ತವೆ. ಮೈಕನ್ನು ರವಿಕೆಯ ಅಂಚಿಗೆ ಮೆಡಿಕಲ್ ಟೇಪಿನಿಂದ ಅಂಟಿಸಿ, ತಂತಿಯನ್ನು ಒಂದು ಸುತ್ತು ಸಡಿಲ ಬಿಡಿ. ಹಿರಿಯರ ದನಿ ವಾಕ್ಯದ ಕೊನೆಗೆ ಇಳಿದುಹೋಗುತ್ತದೆ, ನಗುವಾಗ ಒಮ್ಮೆಗೇ ಏರುತ್ತದೆ. ಮೀಟರ್ ಸರಾಸರಿ −18, ಏರಿದಾಗ −10 ಡೆಸಿಬೆಲ್ ಇರಲಿ. ರೆಕಾರ್ಡರಿನಲ್ಲಿ 32 ಬಿಟ್ ಫ್ಲೋಟ್ ಇದ್ದರೆ ಅದನ್ನೇ ಬಳಸಿ. ವೈರ್‌ಲೆಸ್ ಆದರೆ ಟ್ರಾನ್ಸ್‌ಮಿಟರಿನೊಳಗೇ ಮುದ್ರಿಸುವ ಮಾದರಿ ಒಳ್ಳೆಯದು, ಸಂಪರ್ಕ ತಪ್ಪಿದರೂ ಮಾತು ಹೋಗುವುದಿಲ್ಲ.

ಫ್ರಿಜ್ ಬಂದ್ ಮಾಡಿಸಿ. ನಿಮ್ಮ ಗಾಡಿಯ ಕೀಲಿಯನ್ನು ಫ್ರಿಜ್ಜಿನೊಳಗೇ ಇಟ್ಟುಬಿಡಿ, ಹೊರಡುವಾಗ ಮತ್ತೆ ಚಾಲೂ ಮಾಡುವುದು ಮರೆಯುವುದಿಲ್ಲ. ಫ್ಯಾನ್ ಬಂದ್. ಮೇ ತಿಂಗಳ ಸಂಜೆ ಕಾಡಂಚಿನ ಮನೆಗಳಲ್ಲಿ ಜೀರುಂಡೆ ಸದ್ದು ಮಾತಿನ ಸ್ಪಷ್ಟತೆ ಇರುವ ಕಂಪನಾಂಕಗಳಲ್ಲೇ ಕೂರುತ್ತದೆ, ಫಿಲ್ಟರ್ ಹಾಕಿದರೆ ಮಾತಿನ ‘ಸ’, ‘ಶ’ ಕೂಡ ಹೋಗುತ್ತವೆ. ಆ ಹೊತ್ತಿಗೆ ಸಂದರ್ಶನ ಬೇಡ. ಮಳೆಗಾಲದಲ್ಲಿ ತಗಡಿನ ಮಾಡಿನಡಿ ಮಾತು ಮುದ್ರಿಸುವ ಆಸೆಯನ್ನೇ ಬಿಡಿ. ಪ್ರತಿ ಕೋಣೆಯಲ್ಲೂ ಎಲ್ಲರೂ ಸುಮ್ಮನಿದ್ದು ಒಂದು ನಿಮಿಷದ ಬರಿ ಶಬ್ದ ಹಿಡಿಯಿರಿ, ಕತ್ತರಿಸಿದ ಜಾಗ ಮುಚ್ಚಲು ಬೇಕು.

ಕ್ಯಾಮೆರಾ 25 ಫ್ರೇಮ್, ಶಟರ್ 1/50. ನಮ್ಮ ವಿದ್ಯುತ್ 50 ಹರ್ಟ್ಸ್. 30 ಫ್ರೇಮಿಗೆ 1/60 ಇಟ್ಟರೆ ಅಗ್ಗದ ಎಲ್‌ಇಡಿ ಬಲ್ಬಿನಡಿ ಚಿತ್ರ ಮಿಣುಕುತ್ತದೆ, ಆಮೇಲೆ ಸರಿಮಾಡುವುದು ಕಷ್ಟ. 100 ಎಂಬಿಪಿಎಸ್‌ನಲ್ಲಿ ಗಂಟೆಗೆ 45 ಜಿಬಿ. 40 ಗಂಟೆ ತೆಗೆದರೆ 1.8 ಟಿಬಿ. ಎರಡು ಹಾರ್ಡ್ ಡಿಸ್ಕಿಗೆ ಅದೇ ರಾತ್ರಿ ನಕಲು, ಎರಡೂ ಒಂದೇ ಚೀಲದಲ್ಲಿ ಇರಬಾರದು. ಜೂನ್‌ನಿಂದ ಸೆಪ್ಟೆಂಬರ್ ತನಕ ಲೆನ್ಸಿಗೆ ಬೂಷ್ಟು ಹಿಡಿಯುತ್ತದೆ. ಗಾಳಿಯಾಡದ ಡಬ್ಬಿ, ಒಳಗೆ ಬಣ್ಣ ಬದಲಾಗುವ ಸಿಲಿಕಾ ಜೆಲ್, ಒಂದು ಸಣ್ಣ ತೇವಮಾಪಕ. ಮುಳ್ಳು ಶೇಕಡಾ 40ರಿಂದ 50ರ ನಡುವೆ ಇರಲಿ. ಜೆಲ್ ಬಣ್ಣ ತಿರುಗಿದರೆ ಒಲೆಯ ಬಿಸಿಯಲ್ಲಿ ಒಣಗಿಸಿ ಮತ್ತೆ ಬಳಸಬಹುದು.

ಮಡೆನೂರು: ಲಿಂಗನಮಕ್ಕಿಯ ಪೂರ್ಣ ಮಟ್ಟ 1819 ಅಡಿ. ನೀರು ತೀರಾ ಇಳಿಯುವುದು ಮೇ ಕೊನೆಯಿಂದ ಮುಂಗಾರು ಹಿಡಿಯುವ ತನಕ, ಎಷ್ಟು ಇಳಿಯುತ್ತದೆ ಅನ್ನುವುದು ಹಿಂದಿನ ಮಳೆ ಮತ್ತು ಆ ಬೇಸಿಗೆಯ ವಿದ್ಯುತ್ ಉತ್ಪಾದನೆಯ ಮೇಲೆ. ಪತ್ರಿಕೆಯಲ್ಲಿ ಬರುವ ಜಲಾಶಯ ಮಟ್ಟವನ್ನು ಏಪ್ರಿಲ್‌ನಿಂದಲೇ ಬರೆದಿಟ್ಟುಕೊಳ್ಳಿ, ಪ್ರತಿ ದಿನದ ಫೂಟೇಜಿನ ಜೊತೆ ಆ ದಿನದ ಮಟ್ಟವೂ ಇರಲಿ. ಎರಡು ಬೇರೆ ವರ್ಷದ ದೃಶ್ಯಗಳನ್ನು ಬೆರೆಸುವಾಗ ದಂಡೆ ಹೊಂದದೆ ಹೋದರೆ ಕಾರಣ ಗೊತ್ತಾಗುತ್ತದೆ. ಮೇಲೆದ್ದ ನೆಲ ಒಣಗಿ ಬಿರಿದಂತೆ ಕಂಡರೂ ನೀರಂಚಿನಲ್ಲಿ ಅಡಿಗೆ ಹೂಳು ಇರುತ್ತದೆ. ಕೋಲು ಚುಚ್ಚಿ ನೋಡದೆ ಕಾಲಿಡಬೇಡಿ. ಟ್ರೈಪಾಡ್ ಕಾಲುಗಳ ಅಡಿಗೆ ಮರದ ತುಂಡು ಕೊಡಿ. ನೆರಳಿಲ್ಲ, ಬೆಳಗ್ಗೆ ಒಂಬತ್ತರೊಳಗೆ ಮುಗಿಸಿ. ಅಣೆಕಟ್ಟಿನ ಸೈಫನ್ ರಚನೆಗಳ ಒಳಗೆ ಇಳಿಯುವ ದುಸ್ಸಾಹಸ ಬೇಡ.

ಡ್ರೋನ್: 250 ಗ್ರಾಮಿನೊಳಗಿನದಕ್ಕೆ ಪೈಲಟ್ ಪ್ರಮಾಣಪತ್ರ ಬೇಡ, ಆದರೆ ಎಲ್ಲಿ ಬೇಕಾದರೂ ಹಾರಿಸಬಹುದು ಅಂತಲ್ಲ. ಸರ್ಕಾರದ ಡ್ರೋನ್ ಜಾಲತಾಣವಾದ ಡಿಜಿಟಲ್ ಸ್ಕೈ ನಕ್ಷೆಯಲ್ಲಿ ವಲಯ ನೋಡಿ. ಹಿನ್ನೀರಿನ ಬಹುಭಾಗಕ್ಕೆ ಶರಾವತಿ ಅಭಯಾರಣ್ಯ ತಾಗಿಕೊಂಡಿದೆ, ಅಲ್ಲಿ ನೆಲದ ಮೇಲಿನ ಚಿತ್ರೀಕರಣಕ್ಕೂ ಅರಣ್ಯ ಇಲಾಖೆಯ ಲಿಖಿತ ಅನುಮತಿ ಬೇಕು. ಲಿಂಗನಮಕ್ಕಿ ಅಣೆಕಟ್ಟು ಮತ್ತು ವಿದ್ಯುದಾಗಾರಗಳು ಕೆಪಿಸಿ (ಕರ್ನಾಟಕ ವಿದ್ಯುತ್ ನಿಗಮ) ಅಧೀನ. ಮೊದಲೇ ಬರೆದು ಕೇಳಿ, ಗೇಟಿನಲ್ಲಿ ಹೋಗಿ ಕೇಳಿದರೆ ಆಗುವುದಿಲ್ಲ. ನನ್ನ ಅಭಿಪ್ರಾಯ: ಡ್ರೋನ್ ಇಲ್ಲದೆಯೂ ಈ ಚಿತ್ರ ಆಗುತ್ತದೆ. ಮೇಲಿನಿಂದ ನೋಡಿದರೆ ಹಿನ್ನೀರು ಬಹಳ ಚೆಂದ, ಆ ಚೆಂದದಲ್ಲಿ ಅಡಿಯ ಊರು ಮರೆತುಹೋಗುತ್ತದೆ.

ಹಸೆಗೋಡೆ

ಡ್ರೋನ್ ಪೂರ್ತಿ ಬೇಡ ಅನ್ನುವುದನ್ನು ಒಪ್ಪಲಾರೆ. ಜುಲೈ 2025ರಲ್ಲಿ ಹಿನ್ನೀರಿನ ಮೇಲೆ ಅಂಬಾರಗೋಡ್ಲು–ಕಳಸವಳ್ಳಿ ಸೇತುವೆ ತೆರೆಯಿತು. ಅದಕ್ಕೆ ಮುಂಚೆ ಆರು ದಶಕ ಲಾಂಚ್ ಕಾಯುತ್ತಿದ್ದ ದೂರ ಎಷ್ಟೆಂದು ತೋರಿಸಲು ಎತ್ತರದ ಒಂದು ದೃಶ್ಯ ಬೇಕೇ ಬೇಕು. ಒಂದು ಸಾಕು.

ಚಿತ್ತಾರದ ವಿಷಯ. ಇದು ದೀವರು ಸಮುದಾಯದ ಹೆಣ್ಣುಮಕ್ಕಳ ಕೈಕೆಲಸ. ಮಣ್ಣಿನ ಗೋಡೆಗೆ ಕೆಮ್ಮಣ್ಣು ಬಳಿದು, ಅಕ್ಕಿ ನೆನೆಸಿ ಅರೆದ ಬಿಳಿ, ಅಕ್ಕಿ ಕರಿಯಾಗುವ ತನಕ ಹುರಿದು ತೆಗೆದ ಕಪ್ಪು, ಗುರಿಗೆ ಕಾಯಿಯ ಹಳದಿ, ಪುಂಡಿ ನಾರಿನ ಕುಂಚ. ಗೋಡೆ ಮನೆಯ ಜೊತೆ ನೀರಿಗೆ ಹೋಯಿತು. ಕೈಯಲ್ಲಿದ್ದದ್ದು ಮಾತ್ರ ಬಂತು. ಹಾಗಾಗಿ ಪೂರ್ತಿಯಾದ ಚಿತ್ತಾರಕ್ಕಿಂತ ಬರೆಯುವ ಕೈಯನ್ನು ಹೆಚ್ಚು ಹೊತ್ತು ತೋರಿಸಿ. ಮೊದಲ ಗೆರೆ ಎಲ್ಲಿಂದ, ಅಳತೆಗೆ ಏನು ಬಳಸುತ್ತಾರೆ, ಎಳೆ ತಪ್ಪಿದರೆ ಹೇಗೆ ಒರೆಸುತ್ತಾರೆ. ಭತ್ತದ ತೆನೆ, ತೇರು, ಬಾಸಿಂಗ ಬರೆಯುವಾಗ ಬಾಯಲ್ಲಿ ಹಾಡಿದ್ದರೆ ಅದನ್ನು ಬೇರೆ ಮೈಕಿನಲ್ಲಿ ಹಿಡಿಯಿರಿ. ಈಗ ಬಹಳ ಕಡೆ ಅಕ್ರಿಲಿಕ್ ಬಣ್ಣ, ಹಾಳೆ, ಫ್ರೇಮು ಬಂದಿವೆ. ಅದನ್ನು ಮರೆಮಾಡಿ ‘ಶುದ್ಧ’ ಚಿತ್ತಾರ ಹುಡುಕಬೇಡಿ. ಸಿಮೆಂಟು ಗೋಡೆಗೆ ಕೆಮ್ಮಣ್ಣು ನಿಲ್ಲುವುದಿಲ್ಲ ಅನ್ನುವುದೂ ನಿಮ್ಮ ಕಥೆಯೇ.

ತಾಂತ್ರಿಕವಾಗಿ ಎರಡು ತೊಂದರೆ. ಫ್ರೇಮಿನ ತುಂಬ ಕೆಂಪಿದ್ದರೆ ಆಟೋ ವೈಟ್ ಬ್ಯಾಲೆನ್ಸ್ ನೀಲಿಗೆ ವಾಲುತ್ತದೆ, ಕೆಮ್ಮಣ್ಣು ಕಂದಾಗಿ ಕಾಣುತ್ತದೆ. ಗ್ರೇ ಕಾರ್ಡ್ ಹಿಡಿದು ಕೈಯಾರೆ ನಿಗದಿ ಮಾಡಿ. ಎರಡನೆಯದು, ಅಕ್ಕಿ ಹಿಟ್ಟಿನ ಗೆರೆ ಒಣಗಿದಂತೆಲ್ಲ ಬೆಳ್ಳಗಾಗುತ್ತದೆ. ಹಸಿ ಇದ್ದಾಗ ಸರಿ ಇದ್ದ ಎಕ್ಸ್‌ಪೋಷರ್ ಅರ್ಧ ಗಂಟೆಯಲ್ಲಿ ಹೆಚ್ಚಾಗಿರುತ್ತದೆ. ಝೀಬ್ರಾ (ಬೆಳಕು ಹೆಚ್ಚಾದ ಕಡೆ ಪರದೆಯಲ್ಲಿ ಪಟ್ಟೆ ತೋರಿಸುವ ಸೌಲಭ್ಯ) 95ಕ್ಕೆ ಇಟ್ಟು ಆಗಾಗ ನೋಡಿ. ಬೆಳಕು ಎದುರಿನಿಂದ ಬೇಡ. ಪಕ್ಕದ ಕಿಟಕಿಯ ಓರೆ ಬೆಳಕಿನಲ್ಲಿ ಗೆರೆಯ ಉಬ್ಬು ಕಾಣುತ್ತದೆ.

ಗದ್ದೆಯಲ್ಲಿ ಭೂಮಿಗೆ ಪೂಜೆ ಮಾಡುವ ಹಬ್ಬ ಭೂಮಿ ಹುಣ್ಣಿಮೆ, ಆಶ್ವಯುಜದ ಸೀಗೆ ಹುಣ್ಣಿಮೆಯಂದು. ಬುಟ್ಟಿಗೆ ಚಿತ್ತಾರ ಬರೆಯುವ ಕೆಲಸ ದಿನಗಳ ಮುಂಚೆ ಶುರು, ಅಡುಗೆ ರಾತ್ರಿಯಿಡೀ, ಗದ್ದೆಗೆ ಹೋಗುವುದು ನಸುಕಿನಲ್ಲಿ. ಆ ಕತ್ತಲೆಗೆ ಎಫ್ 1.8ರ ಲೆನ್ಸ್ ತನ್ನಿ, ಎಲ್‌ಇಡಿ ಲೈಟ್ ಹಚ್ಚಬೇಡಿ, ದೀಪದ ಬೆಳಕು ಸಾಕು. ‘ಕ್ಯಾಮೆರಾಗೆ ಇನ್ನೊಂದು ಸಲ ಪೂಜೆ ಮಾಡಿ’ ಅಂತ ಕೇಳುವುದು ಸಲ್ಲ. ತಪ್ಪಿಹೋದರೆ ಮುಂದಿನ ವರ್ಷ ಬನ್ನಿ. ಬೇಡಿಕೆ ಇಟ್ಟು ಗೋಡೆ ಬರೆಸಿದರೆ ಕೂಲಿಯಲ್ಲ, ಕಲಾವಿದೆಗೆ ಸಲ್ಲುವ ಸಂಭಾವನೆ ಕೊಡಿ, ಹೆಸರು ಹಾಕಿ.

ಕರೂರು_ಸೀಮೆ

ಎಲ್ಲರಿಗೂ ಕೃತಜ್ಞತೆ. ಸರ್ವೆ ನಂಬರ್ ವಿಷಯ ನನಗೆ ಹೊಳೆದೇ ಇರಲಿಲ್ಲ. ಒಂದು ಪ್ರಶ್ನೆ ಉಳಿದಿದೆ. ಒಬ್ಬ ಅಜ್ಜಿ ಮಾತಾಡಲು ತಯಾರಿದ್ದಾರೆ, ಆದರೆ ಮುಖ, ಹೆಸರು ಎರಡೂ ಬೇಡ ಅನ್ನುತ್ತಾರೆ. ಮುಖ ಮಸುಕು ಮಾಡಿದರೆ ಸಾಕೇ?

ಹಳೇ_ಪಹಣಿ

ಸಾಲದು. ಆ ಸೀಮೆಯಲ್ಲಿ ದನಿ ಕೇಳಿದರೇ ಯಾರ ಮನೆ ಅಂತ ಗೊತ್ತಾಗುತ್ತದೆ. ಜಗಲಿಯ ಕಂಬ, ಅಂಗಳದ ತುಳಸಿಕಟ್ಟೆ ನೋಡಿದರೂ ಗೊತ್ತಾಗುತ್ತದೆ. ಮಸುಕು ಮಾಡಿದ ಮುಖ ಅಪರಾಧಿಯ ಮುಖದಂತೆ ಕಾಣುತ್ತದೆ ಅನ್ನುವುದು ಬೇರೆ. ಅವರ ಮಾತನ್ನು ಬರಹಕ್ಕೆ ಇಳಿಸಿ, ಓದಿ ಹೇಳಿ, ಅವರು ಒಪ್ಪಿದಷ್ಟನ್ನು ಅದೇ ಸೀಮೆಯ ಬೇರೊಬ್ಬ ಹೆಂಗಸಿನ ದನಿಯಲ್ಲಿ ಓದಿಸಿ. ಇದು ಇನ್ನೊಬ್ಬರ ದನಿ ಅಂತ ತೆರೆಯ ಮೇಲೆ ಬರೆಯಿರಿ. ದೃಶ್ಯಕ್ಕೆ ಕೈಗಳೂ ಬೇಡ, ಅವರ ಮನೆಯೂ ಬೇಡ, ಅಂಗಳದಲ್ಲಿ ಹಾಕಿಸಿದ ಆ ನಕ್ಷೆ ಬಳಸಿ. ಮೂಲ ಧ್ವನಿಮುದ್ರಣದ ಕಡತಕ್ಕೆ ಹೆಸರಿಡದೆ ಸಂಕೇತ ಇಟ್ಟು, ಸಂಕೇತದ ಪಟ್ಟಿಯನ್ನು ಬೇರೆ ಕಡೆ ಇಡಿ.

ಬಾಯ್ಮಾತಿನ_ದಾಖಲೆ

ಒಂದು ಸೇರಿಸುತ್ತೇನೆ. ಚಿತ್ರಕ್ಕೆ 50 ನಿಮಿಷ ಹೋದ ಮೇಲೆ ಉಳಿಯುವ ಮೂವತ್ತೊಂಬತ್ತು ಗಂಟೆ ಯಾರದ್ದು ಅಂತ ಈಗಲೇ ತೀರ್ಮಾನ ಮಾಡಿ. ಪ್ರತಿ ಮನೆಗೂ ಅವರವರ ಪೂರ್ತಿ ಸಂದರ್ಶನವನ್ನು ಪೆನ್‌ಡ್ರೈವಿನಲ್ಲಿ ಕೊಡಿ. ಎಂಪಿ4ಗೆ ಇಳಿಸಿ ಕೊಡಿ, ಟಿವಿಗೆ ಚುಚ್ಚಿದರೆ ಓಡಬೇಕು. ಬರಹಕ್ಕೆ ಇಳಿಸಲು ಒಂದು ಗಂಟೆಯ ಮಾತಿಗೆ ಐದಾರು ಗಂಟೆ ಬೇಕು. ಆ ಸೀಮೆಯ ಮಾತು ಗೊತ್ತಿರುವವರಿಂದಲೇ ಮಾಡಿಸಿ, ಆಡುಮಾತನ್ನು ಪುಸ್ತಕದ ಕನ್ನಡಕ್ಕೆ ತಿದ್ದಬಾರದು ಅಂತ ಮೊದಲೇ ಹೇಳಿ. ಕಡತದ ಹೆಸರು ದಿನಾಂಕ, ಹಳೇ ಊರು, ಹೊಸ ಊರು, ಕ್ರಮಸಂಖ್ಯೆ ಈ ಕ್ರಮದಲ್ಲಿರಲಿ. ಹೆಸರು ಬೇಡ ಅಂದವರ ಕಡತಕ್ಕೆ ಮೇಲೆ ಹೇಳಿದ ಸಂಕೇತ ಮಾತ್ರ. ಹಳೇ ಊರಿನ ಹೆಸರಿನಿಂದ ಹುಡುಕಿದರೆ ಅಲ್ಲಿಂದ ಚದುರಿದ ಮನೆಗಳೆಲ್ಲ ಒಂದೇ ಕಡೆ ಸಿಗುತ್ತವೆ.